ಬೆಂಗಳೂರಲ್ಲಿ ಬರೆದು ಬದುಕುವವರಿಗೆ, ಜೊತೆಗೊಬ್ಬರು ಬೇಕು ಅನ್ನುವವರಿಗೆ

ಬರವಣಿಗೆಯನ್ನೇ ನಂಬಿಕೊಂಡು ಬೆಂಗಳೂರಿಗೆ ಬರುವವರು ಮೊದಲು ಕೇಳುವುದು ಕೆಲಸ ಎಲ್ಲಿ ಸಿಗುತ್ತದೆ ಅಂತ. ನಾನು ಮೊದಲು ಮನೆ ನೋಡಿಕೊಳ್ಳಿ ಅನ್ನುತ್ತೇನೆ. ಧಾರಾವಾಹಿಗೆ ಸಂಭಾಷಣೆ ಬರೆಯುವುದಿರಲಿ, ಅನುವಾದವಿರಲಿ, ಪ್ರೂಫ್ ನೋಡುವುದಿರಲಿ, ಈಗ ಎಲ್ಲ ವಾಟ್ಸ್‌ಆ್ಯಪ್ ಮತ್ತು ಇಮೇಲ್‌ನಲ್ಲೇ ನಡೆಯುತ್ತದೆ. ಆಫೀಸಿನ ಹತ್ತಿರ ಮನೆ ಮಾಡುವ ಅಗತ್ಯ ನಮಗಿಲ್ಲ. ಬಾಡಿಗೆ ಕೈಗೆಟುಕುವಂತಿರಬೇಕು, ಸಂಜೆ ಪುಸ್ತಕ, ನಾಟಕ ಅಂತ ಹೊರಟರೆ ಬಸ್ಸಿಗೆ ಕಾಯದೆ ನಡೆದೇ ಹೋಗುವಂತಿರಬೇಕು.

ನಾನು ಕೊಪ್ಪದ ಕಡೆಯವಳು. ಹೊಟ್ಟೆಪಾಡಿಗೆ ಧಾರಾವಾಹಿಗಳಿಗೆ ಸಂಭಾಷಣೆ ಬರೆಯುತ್ತೇನೆ, ನಡುನಡುವೆ ಅನುವಾದ ಮಾಡುತ್ತೇನೆ. ನನ್ನದು ಅಂತ ಬರೆಯುವುದು ಕತೆ. ಒಂದು ಸಂಕಲನ ಬಂದಿದೆ, ಕಾದಂಬರಿಯೊಂದು ನಡೆಯುತ್ತಿದೆ. ನನ್ನ ಗಂಡ ಸಿಂಧನೂರಿನವನು, ಆಸ್ಪತ್ರೆಯೊಂದರಲ್ಲಿ ಲ್ಯಾಬ್ ಟೆಕ್ನಿಷಿಯನ್, ನೈಟ್ ಶಿಫ್ಟ್. ಈ ಊರಿನಲ್ಲಿ ಕೈಯಲ್ಲಿ ದುಡ್ಡಿಲ್ಲದೆ ಬರವಣಿಗೆ ಮತ್ತು ಪ್ರೀತಿ ಎರಡನ್ನೂ ಉಳಿಸಿಕೊಳ್ಳುವುದು ಆಗದ ಮಾತು ಅಂತ ನನಗೆ ಹೇಳಿದವರು ಬಹಳ. ಆಗುತ್ತದೆ. ಎರಡಕ್ಕೂ ಹೊತ್ತು ಗೊತ್ತು ಮಾಡಿಕೊಂಡು, ಆ ಹೊತ್ತನ್ನು ಬೇರೆ ಯಾವುದಕ್ಕೂ ಬಿಟ್ಟುಕೊಡದಿದ್ದರೆ ಆಗುತ್ತದೆ. ಉಳಿದದ್ದೆಲ್ಲ ಆ ಹೊತ್ತನ್ನು ಕಾಪಾಡಿಕೊಳ್ಳುವ ಉಪಾಯಗಳು.

ಮನೆ

ಶ್ರೀನಗರ, ಹನುಮಂತನಗರ, ಗಿರಿನಗರದ ಹಿಂದಿನ ಬೀದಿಗಳಲ್ಲಿ ಹುಡುಕಿ. ಗಾಂಧಿ ಬಜಾರಿನ ಪುಸ್ತಕದಂಗಡಿಗಳು, ಬಿ.ಪಿ. ವಾಡಿಯಾ ರಸ್ತೆಯ ವರ್ಲ್ಡ್ ಕಲ್ಚರ್ ಸಂಸ್ಥೆ, ಎನ್.ಆರ್. ಕಾಲೊನಿಯ ಗೋಖಲೆ ಸಂಸ್ಥೆ, ಹನುಮಂತನಗರದ ಕೆ.ಎಚ್. ಕಲಾಸೌಧ ಎಲ್ಲವೂ ಕಾಲ್ನಡಿಗೆಗೆ ಸಿಗುತ್ತವೆ. ಚಾಮರಾಜಪೇಟೆಯ ಸಾಹಿತ್ಯ ಪರಿಷತ್ತೂ ದೂರವಲ್ಲ. ಜಯನಗರದ ಬಾಡಿಗೆ ಇಲ್ಲಿಲ್ಲ. ಮೂರನೇ ಮಹಡಿಯ ಮೇಲೆ ಒಂದು ರೂಮು, ಒಂದು ಅಡುಗೆಮನೆ ಇರುವ ನನ್ನ ಮನೆಗೆ ಈಗ 9,000 ಬಾಡಿಗೆ. ಟೆರೇಸಿನ ರೂಮುಗಳು ಸೋವಿಗೆ ಸಿಗುತ್ತವೆ ನಿಜ, ಆದರೆ ಮೇಲೆ ಶೀಟ್ ಹಾಕಿದ್ದರೆ ಏಪ್ರಿಲ್ ಮಧ್ಯಾಹ್ನ ಅಲ್ಲಿ ಕೂತು ಒಂದು ಸಾಲೂ ಬರೆಯಲಾಗುವುದಿಲ್ಲ. ಆರ್‌ಸಿಸಿ ಮೋಲ್ಡ್ ಇರುವುದನ್ನೇ ನೋಡಿ. ಮನೆ ನೋಡಲು ಮಧ್ಯಾಹ್ನ ಎರಡು ಗಂಟೆಗೇ ಹೋಗಿ. ಸೆಕೆ, ಪಕ್ಕದ ಗ್ಯಾರೇಜಿನ ಸದ್ದು, ಕೆಳಗಿನ ಮನೆಯ ಟೀವಿ ಎಲ್ಲ ಆಗಲೇ ಗೊತ್ತಾಗುವುದು.

ಅಡ್ವಾನ್ಸ್ ಹತ್ತು ತಿಂಗಳದ್ದು ಕೇಳುವ ಹಳೇ ರೂಢಿ ಕೆಲವರಲ್ಲಿ ಇನ್ನೂ ಇದೆ. ಈಗ ಐದಾರು ತಿಂಗಳಿಗೆ ಒಪ್ಪುವವರು ಸಾಕಷ್ಟಿದ್ದಾರೆ, ಸಂಕೋಚ ಬಿಟ್ಟು ಚೌಕಾಸಿ ಮಾಡಿ. ಅಗ್ರಿಮೆಂಟ್ 11 ತಿಂಗಳಿಗೆ ಆಗುತ್ತದೆ. ಖಾಲಿ ಮಾಡುವಾಗ ಪೇಂಟಿಂಗ್‌ಗೆ ಎಷ್ಟು ಹಿಡಿಯುತ್ತಾರೆ, ಅಡ್ವಾನ್ಸ್ ಎಷ್ಟು ದಿನದಲ್ಲಿ ವಾಪಸ್ ಅನ್ನುವುದು ಅದರಲ್ಲಿ ಬರೆದಿರಲಿ. ಕಾವೇರಿ ನೀರು ಯಾವ ಯಾವ ದಿನ ಬರುತ್ತದೆ, ಬೋರ್ ಬತ್ತಿದರೆ ಟ್ಯಾಂಕರಿನ ದುಡ್ಡು ಯಾರದು ಅಂತಲೂ ಕೇಳಿ. 2024ರ ಬೇಸಿಗೆಯಲ್ಲಿ ಬೋರ್‌ವೆಲ್‌ಗಳು ಬತ್ತಿ ಊರೆಲ್ಲ ಟ್ಯಾಂಕರ್ ಹಿಂದೆ ಓಡಿದ ಮೇಲೆ ಈ ಪ್ರಶ್ನೆ ಕೇಳಿದರೆ ಓನರುಗಳು ಬೇಜಾರು ಮಾಡಿಕೊಳ್ಳುವುದಿಲ್ಲ.

ಒಬ್ಬಳೇ ಇರುವ ಹೆಣ್ಣಿಗೆ ಮನೆ ಕೊಡುವಾಗ ಓನರು ಎರಡು ಪ್ರಶ್ನೆ ಕೇಳಿಯೇ ಕೇಳುತ್ತಾರೆ. ಏನು ಕೆಲಸ, ಯಾರು ಬಂದು ಹೋಗುತ್ತಾರೆ. ಕೆಲಸಕ್ಕೆ ಉತ್ತರವಾಗಿ ಆರು ತಿಂಗಳ ಬ್ಯಾಂಕ್ ಸ್ಟೇಟ್‌ಮೆಂಟ್ ತೋರಿಸಿ; ಲೇಖಕಿ ಅನ್ನುವುದಕ್ಕಿಂತ ಧಾರಾವಾಹಿಯ ಹೆಸರು ಹೇಳಿದರೆ ಬೇಗ ತಿಳಿಯುತ್ತದೆ. ಎರಡನೆಯದಕ್ಕೆ ಸುತ್ತಿ ಬಳಸಬೇಡಿ. ನಾನು ಕೀ ತೆಗೆದುಕೊಳ್ಳುವ ಮೊದಲೇ ಹೇಳಿದ್ದೆ: “ಆಂಟಿ, ನಾನು ಮದುವೆಯಾಗೋ ಹುಡುಗ ಬರ್ತಾನೆ. ಆಮೇಲೆ ಯಾರೋ ಹೇಳಿ ಗೊತ್ತಾಗೋದು ಬೇಡ ಅಂತ ಈಗಲೇ ಹೇಳ್ತಿದೀನಿ.” ಆಂಟಿ ಸ್ವಲ್ಪ ಹೊತ್ತು ಸುಮ್ಮನಿದ್ದು, “ಬರಲಿ ಬಿಡಮ್ಮ. ಗೇಟಿಗೆ ಅಡ್ಡ ಗಾಡಿ ನಿಲ್ಲಿಸ್ಬಾರ್ದು ಅಷ್ಟೆ” ಅಂದರು. ಬೇಡ ಅಂದಿದ್ದರೆ ಬೇರೆ ಮನೆ ನೋಡುತ್ತಿದ್ದೆ. ಹೆದರಿಕೊಂಡು, ಕದ್ದುಮುಚ್ಚಿ ಪ್ರೀತಿಸುವ ಮನೆಯಲ್ಲಿ ಬರವಣಿಗೆಯೂ ಕೂರುವುದಿಲ್ಲ.

ಅನ್ನದ ಬರವಣಿಗೆ

ಧಾರಾವಾಹಿಯ ಕೆಲಸ ಹೇಗೆ ನಡೆಯುತ್ತದೆ ಅಂತ ಹೊರಗಿನವರಿಗೆ ಗೊತ್ತಿರುವುದು ಕಡಿಮೆ. ಕತೆಯ ತಂಡ ಒನ್‌ಲೈನ್, ಅಂದರೆ ಕತೆಯ ಎಳೆ, ಮಾಡುತ್ತದೆ, ಚಿತ್ರಕಥೆಯವರು ಅದನ್ನು ಸೀನುಗಳಾಗಿ ಒಡೆಯುತ್ತಾರೆ, ಆಮೇಲೆ ಸಂಭಾಷಣೆ ನಮ್ಮ ಕೈಗೆ ಬರುತ್ತದೆ. ಒಂದು ಎಪಿಸೋಡ್ ಅಂದರೆ ಜಾಹೀರಾತು ಬಿಟ್ಟು ಇಪ್ಪತ್ತು ನಿಮಿಷ ಚಿಲ್ಲರೆ. ಗುರುವಾರ ಟಿಆರ್‌ಪಿ ಬಂದಾಗ ನಂಬರ್ ಇಳಿದಿದ್ದರೆ ಕತೆಯ ದಿಕ್ಕೇ ಬದಲಾಗಿ, ಬುಧವಾರ ಒಪ್ಪಿಸಿದ ಸೀನುಗಳನ್ನು ಶುಕ್ರವಾರ ಮತ್ತೆ ಬರೆಯಬೇಕಾಗುತ್ತದೆ. ಈ ಕೆಲಸಕ್ಕೆ ಇಳಿಯುವ ಮೊದಲು ಒಂದು ದಿನ ಶೂಟಿಂಗ್ ನೋಡಿ ಬನ್ನಿ. ಸಹಾಯಕ ನಿರ್ದೇಶಕರು ಕ್ಯಾಮೆರಾ ಪಕ್ಕ ನಿಂತು ಮಾತನ್ನು ಓದಿ ಹೇಳುತ್ತಾರೆ, ಕಲಾವಿದರು ಕೇಳಿಸಿಕೊಂಡು ಅಭಿನಯಿಸುತ್ತಾರೆ. ಉದ್ದದ ವಾಕ್ಯ ಬರೆದರೆ ಅದು ಸೆಟ್ಟಿನಲ್ಲಿ ಮುರಿದು ಬೀಳುತ್ತದೆ.

ಒಂದು ಉದಾಹರಣೆ ಕೊಡುತ್ತೇನೆ. ಅಕ್ಕ ತಮ್ಮನಿಗೆ ಹೇಳುವ ಮಾತು. ಕೈಗೆ ಮೊದಲು ಬಂದದ್ದು: “ನೀನು ನನ್ನ ತಮ್ಮನಾಗಿ ಹುಟ್ಟಿದ್ದಕ್ಕೆ ಇಷ್ಟು ದಿನ ಎಷ್ಟು ಹೆಮ್ಮೆ ಪಡ್ತಿದ್ನೋ ಇವತ್ತು ಅಷ್ಟೇ ನಾಚಿಕೆಯಾಗ್ತಿದೆ.” ಓದಿ ಹೇಳುವವರಿಗೆ ‘ಪಡ್ತಿದ್ನೋ’ ಹತ್ತಿರ ಉಸಿರು ನಿಲ್ಲುತ್ತದೆ, ಕಲಾವಿದೆ ಅಲ್ಲೇ ನಿಲ್ಲುತ್ತಾರೆ, ಮಾತಿನ ಅರ್ಧ ಬಿಸಿ ಹೋಗುತ್ತದೆ. ಅದನ್ನು ಹೀಗೆ ಬರೆದೆ: “ನನ್ನ ತಮ್ಮ ಅಂತ ಎಲ್ಲರ ಹತ್ರ ಹೇಳ್ಕೊಂಡು ತಿರುಗ್ತಿದ್ದೆ ಕಣೋ. ಇನ್ಮೇಲೆ ಯಾರಾದ್ರೂ ಕೇಳಿದ್ರೆ ಏನು ಹೇಳ್ಲಿ?” ಎರಡು ಉಸಿರು, ಎರಡು ವಾಕ್ಯ. ನಾಚಿಕೆ ಅನ್ನುವ ಪದ ಹೋಯಿತು, ನಾಚಿಕೆ ಉಳಿಯಿತು. ಬರೆದದ್ದನ್ನೆಲ್ಲ ಗಟ್ಟಿಯಾಗಿ ಓದಿಯೇ ಒಪ್ಪಿಸಿ. ಈ ಅಭ್ಯಾಸ ನನ್ನ ಕತೆಗಳ ಮಾತನ್ನೂ ತಿದ್ದಿದೆ. ಧಾರಾವಾಹಿ ಬರೆದರೆ ಕೈ ಕೆಡುತ್ತದೆ ಅನ್ನುವವರ ಮಾತನ್ನು ನಾನು ಒಪ್ಪುವುದಿಲ್ಲ.

ದುಡ್ಡಿನ ಮಾತು ಮೊದಲನೇ ಎಪಿಸೋಡಿಗೆ ಮುಂಚೆ ಆಗಬೇಕು. ಎಪಿಸೋಡಿಗೆ ಎಷ್ಟು ಅನ್ನುವುದು ಎಲ್ಲರೂ ಕೇಳುತ್ತಾರೆ. ಯಾವಾಗ, ಯಾವುದಕ್ಕೆ ಅನ್ನುವುದನ್ನು ಕೇಳುವವರು ಕಡಿಮೆ. ಬ್ಯಾಂಕಿಂಗ್‌ಗೆ, ಅಂದರೆ ಮುಂದಿನ ದಿನಗಳಿಗೆ ಕೂಡಿಡಲು ಅಂತ ಮುಂಚಿತವಾಗಿ ಬರೆಸಿಕೊಂಡ ಎಪಿಸೋಡುಗಳಿರುವಾಗಲೇ ಒಂದು ಸಂಸ್ಥೆ ಧಾರಾವಾಹಿ ನಿಲ್ಲಿಸಿತು. ‘ಪ್ರಸಾರವಾದ ಎಪಿಸೋಡಿಗೆ’ ಅಂತ ಕರಾರಿನಲ್ಲಿತ್ತು, ಆ ದುಡ್ಡು ನನಗೆ ಬರಲೇ ಇಲ್ಲ. ಅದಕ್ಕೇ ಈಗ ‘ಬರೆದು ಒಪ್ಪಿಸಿದ ಎಪಿಸೋಡಿಗೆ’ ಅಂತ ಬರೆಸುತ್ತೇನೆ. ನೀವೂ ಬರೆಸಿ. ಕರಾರು ಕೊಡದ ಕಡೆ, ಮಾತಾಡಿದ್ದನ್ನೆಲ್ಲ ನೀವೇ ಒಂದು ಇಮೇಲ್‌ನಲ್ಲಿ ಬರೆದು “ನಾವು ಒಪ್ಪಿಕೊಂಡದ್ದು ಇದು, ಸರಿಯೇ ಸರ್?” ಅಂತ ಕಳಿಸಿ, ‘ಸರಿ’ ಅನ್ನುವ ಉತ್ತರವನ್ನು ಇಟ್ಟುಕೊಳ್ಳಿ.

ಅನುವಾದಕ್ಕೆ ಪದಕ್ಕಿಷ್ಟು ಅಂತ ದರ. ಯಾವ ಭಾಷೆಯ ಪದ ಅಂತ ಕೇಳಿ. ನಮ್ಮ ಭಾಷೆಯಲ್ಲಿ ವಿಭಕ್ತಿ, ಪ್ರತ್ಯಯ ಎಲ್ಲ ಪದಕ್ಕೇ ಅಂಟಿಕೊಳ್ಳುವುದರಿಂದ ಇಂಗ್ಲಿಷಿನ 1,000 ಪದ ಕನ್ನಡಕ್ಕೆ ಬರುವ ಹೊತ್ತಿಗೆ 700ರ ಆಸುಪಾಸಿಗೆ ಇಳಿದಿರುತ್ತದೆ. ಕನ್ನಡದ ಪದ ಎಣಿಸಿ ಕೊಡುವವರ ಹತ್ತಿರ ಅದೇ ಕೆಲಸಕ್ಕೆ ಮೂರನೇ ಒಂದರಷ್ಟು ದುಡ್ಡು ಕಮ್ಮಿಯಾಗುತ್ತದೆ. ಮೂಲದ ಪದಲೆಕ್ಕಕ್ಕೇ ಹಟ ಹಿಡಿಯಿರಿ. ಈಗೀಗ ಯಂತ್ರ ಮಾಡಿದ ಅನುವಾದವನ್ನು ಕಳಿಸಿ ‘ಸುಮ್ಮನೆ ಒಂಚೂರು ತಿದ್ದಿ ಕೊಡಿ’ ಅಂತ ಅರ್ಧ ದರ ಹೇಳುವುದು ಹೆಚ್ಚಾಗಿದೆ. ಒಪ್ಪುವ ಮೊದಲು ಎರಡು ಪುಟ ತರಿಸಿಕೊಂಡು ಓದಿ. ವಾಕ್ಯ ವಾಕ್ಯವನ್ನೂ ಬಿಚ್ಚಿ ಕಟ್ಟಬೇಕಾಗಿದ್ದರೆ ಅದು ತಿದ್ದುವ ಕೆಲಸವಲ್ಲ, ಪೂರ್ತಿ ಅನುವಾದ. ಆ ಎರಡು ಪುಟಗಳನ್ನೇ ತಿದ್ದಿ ತೋರಿಸಿ ಪೂರ್ತಿ ದರ ಕೇಳಿ. ನನಗೆ ಕೆಲವರು ಕೊಟ್ಟಿದ್ದಾರೆ.

ಸಂಭಾವನೆ ಕೊಡುವ ಕಂಪನಿಗಳು ಸಾಮಾನ್ಯವಾಗಿ ಶೇ 10 ಟಿಡಿಎಸ್, ಅಂದರೆ ಕೊಡುವಾಗಲೇ ಕಡಿದುಕೊಳ್ಳುವ ತೆರಿಗೆ, ಹಿಡಿಯುತ್ತವೆ. ಪ್ಯಾನ್ ಕೊಡದಿದ್ದರೆ ಶೇ 20. ನಮ್ಮಂಥವರ ವರ್ಷದ ಆದಾಯ ತೆರಿಗೆಯ ಮಿತಿಯೊಳಗೇ ಇರುತ್ತದಾದ್ದರಿಂದ ಗಡುವಿನೊಳಗೆ ರಿಟರ್ನ್ ಹಾಕಿದರೆ ಅದು ವಾಪಸ್ ಬರುತ್ತದೆ. ಎಷ್ಟೋ ಬರಹಗಾರರು ಆ ದುಡ್ಡನ್ನು ಹಾಗೇ ಬಿಟ್ಟಿದ್ದಾರೆ. ಒಂದೆರಡು ತಿಂಗಳ ಬಾಡಿಗೆಯಾಗುತ್ತದೆ, ಬಿಡಬೇಡಿ.

ಇನ್ನು ಫಾಂಟ್. ನೀವು ಯೂನಿಕೋಡ್‌ನಲ್ಲೇ ಬರೆಯಿರಿ. ಕೆಲವು ಪತ್ರಿಕೆಗಳು, ಬಹಳಷ್ಟು ಡಿಟಿಪಿಯವರು ಇವತ್ತಿಗೂ ‘ನುಡಿ’ ಅನ್ನುವ ಹಳೇ ಫಾಂಟಿನಲ್ಲಿ ಕೊಡಿ ಅನ್ನುತ್ತಾರೆ. ಪರಿವರ್ತಕದಲ್ಲಿ ಹಾಕಿ ಬದಲಿಸಿ ಕೊಡಬಹುದು, ಆದರೆ ಕೊಡುವ ಮುಂಚೆ ಅರ್ಕಾವೊತ್ತು, ಉದ್ಧರಣ ಚಿಹ್ನೆಗಳನ್ನು ಕಣ್ಣಾರೆ ನೋಡಿ. ನಡುವೆ ಇಂಗ್ಲಿಷ್ ಅಕ್ಷರಗಳಿದ್ದರೆ ಅವು ಕನ್ನಡದ ಕಲಸುಮೇಲೋಗರ ಆಗಿ ಬಂದಿರುತ್ತವೆ.

ನಿಮ್ಮ ಬರವಣಿಗೆ

ಇದಕ್ಕೆ ದಿನದ ಮೊದಲ ಹೊತ್ತು ಕೊಡಿ. ನಾನು ಬೆಳಿಗ್ಗೆ ಐದೂವರೆಯಿಂದ ಎಂಟೂವರೆವರೆಗೆ ಕೂರುತ್ತೇನೆ. ಫೋನ್ ಅಡುಗೆಮನೆಯಲ್ಲಿರುತ್ತದೆ. ಧಾರಾವಾಹಿಯ ಪಾತ್ರಗಳು ತಲೆಗೆ ಬಂದು ಮಾತು ಶುರು ಮಾಡುವ ಮೊದಲು ನನ್ನ ಪಾತ್ರಗಳು ಮಾತಾಡಿ ಮುಗಿಸಿರಬೇಕು. ಸಂಜೆ ಬರೆಯುತ್ತೇನೆ ಅಂತ ಇಟ್ಟುಕೊಂಡವರು ನನಗೆ ಗೊತ್ತಿದ್ದಂತೆ ತಿಂಗಳೊಳಗೆ ಬಿಟ್ಟಿದ್ದಾರೆ, ಯಾಕೆಂದರೆ ಸಂಜೆಯ ಹೊತ್ತು ಯಾವತ್ತೂ ಬೇರೆಯವರ ಕೈಯಲ್ಲಿರುತ್ತದೆ. ಮನೆಯಲ್ಲಿ ಆಗದವರಿಗೆ ಕಬ್ಬನ್ ಪಾರ್ಕಿನೊಳಗಿನ ಕೆಂಪು ಕಟ್ಟಡದ ಕೇಂದ್ರ ಗ್ರಂಥಾಲಯವಿದೆ. ಸ್ಪರ್ಧಾತ್ಮಕ ಪರೀಕ್ಷೆಗೆ ಓದುವ ಹುಡುಗ ಹುಡುಗಿಯರು ಬೇಗ ಬಂದು ಕೂತಿರುತ್ತಾರೆ, ಬಾಗಿಲು ತೆಗೆಯುವ ಹೊತ್ತಿಗೇ ಹೋಗಿ. ಅವರ ಪಕ್ಕ ಕೂತು ಬರೆಯುವುದು ಒಳ್ಳೆಯದು. ಅವರು ಏಳುವವರೆಗೆ ನಾವೂ ಏಳುವುದಿಲ್ಲ.

ಕತೆ ಕಳಿಸಲು ಸುಧಾ, ಮಯೂರ, ತರಂಗ ಇವೆ, ಪತ್ರಿಕೆಗಳ ಭಾನುವಾರದ ಪುರವಣಿಗಳಿವೆ. ಪ್ರಜಾವಾಣಿ ದೀಪಾವಳಿ ಕಥಾಸ್ಪರ್ಧೆಗೆ ಪ್ರತಿವರ್ಷ ಒಂದು ಕತೆ ಸಿದ್ಧವಾಗಿರಲಿ. ಗೆಲ್ಲುವುದು ಆಮೇಲಿನ ಮಾತು, ಆ ಗಡುವು ನಿಮ್ಮ ಕೈಯಿಂದ ಒಂದು ಕತೆ ಮುಗಿಸುತ್ತದೆ. ಒಂದೇ ಕತೆಯನ್ನು ಎರಡು ಕಡೆ ಕಳಿಸಬೇಡಿ. ಕತೆಯ ಕೊನೆಯಲ್ಲೇ ವಿಳಾಸ, ಬ್ಯಾಂಕ್ ಖಾತೆ, ಐಎಫ್‌ಎಸ್‌ಸಿ ಬರೆದಿಡಿ, ಗೌರವಧನ ಬರಲು ಅಷ್ಟು ತಡ ಕಡಿಮೆಯಾಗುತ್ತದೆ.

ಮೊದಲ ಪುಸ್ತಕಕ್ಕೆ ವಯಸ್ಸು ಮೀರುವ ಮೊದಲೇ ಕನ್ನಡ ಪುಸ್ತಕ ಪ್ರಾಧಿಕಾರದ ಚೊಚ್ಚಲ ಕೃತಿ ಯೋಜನೆಗೆ ಅರ್ಜಿ ಹಾಕಿ, ಅದು 18ರಿಂದ 35 ವರ್ಷದವರಿಗೆ. ಕೇಂದ್ರ ಸಾಹಿತ್ಯ ಅಕಾಡೆಮಿಯ ಯುವ ಪುರಸ್ಕಾರವೂ 35ರೊಳಗಿನವರಿಗೇ. 2011ರಲ್ಲಿ ಶುರುವಾದ ಇದರ ಮೊತ್ತ 50,000 ರೂಪಾಯಿ. ಪ್ರಕಾಶಕರು ಸಿಕ್ಕರೆ ಕರಾರಿಲ್ಲದೆ ಹಸ್ತಪ್ರತಿ ಕೊಡಬೇಡಿ. 1957ರ ಕೃತಿಸ್ವಾಮ್ಯ ಕಾಯ್ದೆಯಂತೆ ಹಕ್ಕು ಬರೆದುಕೊಡುವುದು ಲಿಖಿತವಾಗಿಯೇ ಇರಬೇಕು. ಎಷ್ಟು ವರ್ಷಕ್ಕೆ ಅಂತ ಬರೆಯದಿದ್ದರೆ ಐದು ವರ್ಷಕ್ಕೆ ಅಂತ, ಎಲ್ಲಿಗೆ ಅಂತ ಬರೆಯದಿದ್ದರೆ ಭಾರತಕ್ಕೆ ಅಂತ ಲೆಕ್ಕ. ಮುದ್ರಣದ ಹಕ್ಕನ್ನಷ್ಟೇ ಕೊಡಿ. ಇ-ಪುಸ್ತಕ, ಆಡಿಯೊ, ಅನುವಾದ, ಸಿನಿಮಾ ಒಂದೊಂದೂ ಬೇರೆ ಬೇರೆ ಹಕ್ಕು, ಒಂದೊಂದಕ್ಕೂ ಬೇರೆ ಮಾತು. ಗೌರವಧನದ ಬದಲು ಪ್ರತಿಗಳನ್ನು ಕೊಡುತ್ತೇವೆ ಅನ್ನುವವರಿದ್ದರೆ ಎಷ್ಟು ಪ್ರತಿ ಅನ್ನುವುದನ್ನೂ ಬರೆಸಿ.

ಸ್ವಂತ ಪ್ರಕಟಿಸುವವರಿಗೆ: ಪುಸ್ತಕದ ಗುರುತಿನ ಸಂಖ್ಯೆಯಾದ ಐಎಸ್‌ಬಿಎನ್‌ಗೆ ನಮ್ಮ ದೇಶದಲ್ಲಿ ದುಡ್ಡಿಲ್ಲ, ಅದಕ್ಕೆ ಹಣ ಕೇಳುವವರು ತಮ್ಮ ಓಡಾಟಕ್ಕೆ ಕೇಳುತ್ತಿದ್ದಾರೆ ಅಷ್ಟೆ. ಪ್ರೆಸ್ಸಿನಲ್ಲಿ ಡೆಮಿ 1/8 ಅಳತೆಯ ಪುಸ್ತಕವನ್ನು 16 ಪುಟದ ಫಾರಂಗಳಲ್ಲಿ ಲೆಕ್ಕ ಹಾಕುತ್ತಾರೆ. 128 ಪುಟ ಅಂದರೆ ಎಂಟು ಫಾರಂ. 131 ಪುಟವಾದರೆ ಆ ಮೂರು ಪುಟಕ್ಕೂ ಇನ್ನೊಂದು ಫಾರಂ, ಇಲ್ಲವೆ ಅರ್ಧ ಫಾರಂ ಬೀಳುತ್ತದೆ. ಮುನ್ನುಡಿಯನ್ನು ಎರಡು ಪುಟಕ್ಕೆ ಇಳಿಸಿ.

ಜೊತೆ

ಅವನ ಪರಿಚಯವಾದದ್ದು ಒಂದು ಆಸ್ಪತ್ರೆ ಸೀನಿನಿಂದ. ನಾಯಕನ ರಕ್ತ ತೆಗೆದು ಮುಂದಿನ ಸೀನಿನಲ್ಲೇ, ಅದರಲ್ಲಿ ರೋಗಾಣು ಬೆಳೆಯುತ್ತದೆಯೇ ಅಂತ ನೋಡುವ ಕಲ್ಚರ್ ರಿಪೋರ್ಟ್ ಬರುವಂತೆ ಚಿತ್ರಕಥೆಯಲ್ಲಿತ್ತು. ವಿಚಾರಿಸೋಣ ಅಂತ ಗೆಳತಿ ಕೊಟ್ಟ ನಂಬರಿಗೆ ಫೋನ್ ಮಾಡಿದೆ. “ಹಂಗ ಬರಂಗಿಲ್ರೀ ಮೇಡಂ. ಬ್ಲಡ್ ಕಲ್ಚರ್ ಅಂದ್ರ ಐದ್ ದಿನದ ಮಟ ಇಟ್ಟು ನೋಡ್ತೀವಿ. ಏನೂ ಬೆಳೀಲಿಲ್ಲ ಅಂತ ಬರೀಬೇಕಂದ್ರೂ ಕಾಯಬೇಕು” ಅಂದ. ಆ ಕಾಯುವ ಮಾತನ್ನು ನಾನು ಸೀನಿಗೆ ಸೇರಿಸಿದೆ. ಆಮೇಲೆ ಫೋನ್ ಮಾಡಲು ಸೀನಿನ ನೆಪ ಬೇಕಾಗಲಿಲ್ಲ.

ಬರೆಯುವವರು ಬರೆಯುವವರನ್ನೇ ಹುಡುಕಬೇಕಾಗಿಲ್ಲ ಅನ್ನುವುದು ನನ್ನ ಅಭಿಪ್ರಾಯ. ತನ್ನ ಕೆಲಸವನ್ನು ಶ್ರದ್ಧೆಯಿಂದ ಮಾಡುವವರಾದರೆ ಸಾಕು, ಅಂಥವರಿಗೆ ನಿಮ್ಮ ಕೆಲಸದ ಶ್ರದ್ಧೆಯೂ ತಿಳಿಯುತ್ತದೆ. ತಿಳಿಯುವಂತೆ ನೀವೂ ಹೇಳಬೇಕು. ಮೊದಲ ತಿಂಗಳಲ್ಲೇ ನಾನು ಅವನಿಗೆ ಹೇಳಿದ್ದು: ಬೆಳಿಗ್ಗೆ ಎಂಟೂವರೆಯೊಳಗೆ ಫೋನ್ ಎತ್ತುವುದಿಲ್ಲ, ಸಿಟ್ಟಲ್ಲ, ಬರೆಯುತ್ತಿರುತ್ತೇನೆ. ಅವನು ಹೇಳಿದ್ದು: ರಾತ್ರಿ ಎರಡರಿಂದ ನಾಲ್ಕರವರೆಗೆ ತುರ್ತು ಸ್ಯಾಂಪಲ್ ಹೆಚ್ಚು, ಮೆಸೇಜಿಗೆ ಉತ್ತರ ಬರಲ್ಲ. ಇಷ್ಟು ಸರಳ ಮಾತನ್ನು ಆಡದೆ, ಉತ್ತರ ಬರಲಿಲ್ಲ ಅಂತ ಮುನಿಸಿಕೊಂಡು ದೂರವಾದ ಜೋಡಿಗಳನ್ನು ನೋಡಿದ್ದೇನೆ.

ಈಗ ನಮ್ಮ ದಿನ ಹೀಗಿದೆ. ಅವನ ಡ್ಯೂಟಿ ರಾತ್ರಿ ಎಂಟರಿಂದ ಬೆಳಿಗ್ಗೆ ಎಂಟು. ಬಸ್ಸಿಳಿದು ಮನೆಗೆ ಬರುವಾಗ ಒಂಬತ್ತೂಕಾಲು. ನಾನು ಎಂಟೂವರೆಗೆ ಬರವಣಿಗೆಯಿಂದ ಎದ್ದು ಸದ್ದಾಗುವ ಅಡುಗೆಯನ್ನೆಲ್ಲ ಮುಗಿಸಿರುತ್ತೇನೆ, ಕುಕ್ಕರ್ ಕೂಗುವುದು, ಮಿಕ್ಸಿ ತಿರುಗುವುದು ಎಲ್ಲ ಆಗಲೇ ಆಗಬೇಕು, ಅವನು ಮಲಗಿದ ಮೇಲೆ ಆಗುವಂತಿಲ್ಲ. ಒಂಬತ್ತೂಕಾಲಿನಿಂದ ಹತ್ತೂವರೆ ನಮ್ಮದು. ಆಗ ತಿಂಡಿ, ಮಾತು. ಅವನು ಜೋಳದ ರೊಟ್ಟಿ ಬಡಿದರೆ ನಾನು ಪಲ್ಯ ಮಾಡುತ್ತೇನೆ. ಚಾನೆಲ್ಲಿನವರಿಗೆ ಹತ್ತೂವರೆಯ ನಂತರ ಫೋನ್ ಮಾಡಿ ಅಂತ ಹೇಳಿಬಿಟ್ಟಿದ್ದೇನೆ. ಮೊದಮೊದಲು ಗೊಣಗಿದರು, ಈಗ ಅಭ್ಯಾಸವಾಗಿದೆ. ಹನ್ನೊಂದರಿಂದ ಐದರವರೆಗೆ ಅವನ ನಿದ್ದೆ. ಕಿಟಕಿಗೆ ಕಪ್ಪು ಬಟ್ಟೆಯ ಪರದೆ ಹೊಲಿಸಿದ್ದೇವೆ. ನಾನು ಅಡುಗೆಮನೆಯಲ್ಲಿ ಕೂತು ಧಾರಾವಾಹಿಯ ಕೆಲಸ ಮಾಡುತ್ತೇನೆ, ಮಾತುಗಳನ್ನು ಗಟ್ಟಿಯಾಗಿ ಓದಬೇಕಾದಾಗ ಟೆರೇಸಿಗೆ ಹೋಗುತ್ತೇನೆ. ನೀರಿನ ಟ್ಯಾಂಕಿನ ನೆರಳಲ್ಲಿ ನಿಂತು ಅತ್ತೆಯ ಮಾತು, ಸೊಸೆಯ ಮಾತು ಎರಡನ್ನೂ ಓದುತ್ತೇನೆ. ಬಟ್ಟೆ ಒಣಹಾಕಲು ಬರುವ ಆಂಟಿ “ಇವತ್ತು ಯಾಕಮ್ಮ ಅವಳಿಗೆ ಅಷ್ಟು ಬೈಸಿದ್ದೀಯ” ಅಂತ ಕೇಳುವುದುಂಟು. ಒಂದೆರಡು ಸಲ ಅವರ ಮಾತು ಸರಿಯೆನಿಸಿ ಬೈಗುಳ ಕಡಿಮೆ ಮಾಡಿದ್ದೇನೆ.

ದುಡ್ಡಿನ ವಿಷಯದಲ್ಲಿ ಒಬ್ಬರದು ತಿಂಗಳ ಸಂಬಳ, ಇನ್ನೊಬ್ಬರದು ಬಂದಾಗ ಬರುವ ದುಡ್ಡು ಆದರೆ ಖರ್ಚನ್ನು ಸಮಪಾಲು ಮಾಡಬೇಡಿ. ನನಗೆ ದೊಡ್ಡ ಮೊತ್ತ ಬಂದ ದಿನವೇ ಮೂರು ತಿಂಗಳ ಬಾಡಿಗೆಯನ್ನು ಬೇರೆ ಖಾತೆಗೆ ಹಾಕುತ್ತೇನೆ. ದಿನಸಿ, ಗ್ಯಾಸು, ಕರೆಂಟು ಅವನ ಸಂಬಳದಲ್ಲಿ. ಬೀರುವಿನ ಬಾಗಿಲಿಗೆ ಒಂದು ಹಾಳೆ ಅಂಟಿಸಿದ್ದೇವೆ. ಯಾರಿಂದ ಎಷ್ಟು ಬರಬೇಕು, ಯಾವ ತಿಂಗಳಿನದು ಅಂತ ಅದರಲ್ಲಿರುತ್ತದೆ. ಅವನೂ ಓದುತ್ತಾನೆ. ಬರಬೇಕಾದ ದುಡ್ಡು ಬಂದಿಲ್ಲ ಅನ್ನುವುದನ್ನು ಪ್ರೀತಿಸುವವರಿಂದ ಮುಚ್ಚಿಡಬೇಡಿ. ಮುಚ್ಚಿಟ್ಟರೆ ನೀವು ಸುಮ್ಮನಿರುವುದು ದುಡ್ಡಿನ ಚಿಂತೆಗೋ ತನ್ನ ಮೇಲಿನ ಬೇಸರಕ್ಕೋ ಅಂತ ಅವರಿಗೆ ಗೊತ್ತಾಗುವುದಿಲ್ಲ.

ಹೊರಗೆ ಸುತ್ತಲು ಈ ಊರಿನಲ್ಲಿ ದುಡ್ಡು ಬೇಕೇ ಬೇಕು ಅಂತೇನಿಲ್ಲ. 2023ರ ಜೂನ್‌ನಿಂದ ಶಕ್ತಿ ಯೋಜನೆಯಲ್ಲಿ ಸಾಮಾನ್ಯ ಬಸ್ಸುಗಳಲ್ಲಿ ನನ್ನ ಟಿಕೆಟ್ ಶೂನ್ಯ ದರದ್ದು, ಅವನದಷ್ಟೇ ಖರ್ಚು. 2025ರ ಫೆಬ್ರವರಿಯಲ್ಲಿ ಮೆಟ್ರೊ ಗರಿಷ್ಠ ದರ 60ರಿಂದ 90 ರೂಪಾಯಿಗೆ ಏರಿದ ಮೇಲೆ ನಾವು ಬಸ್ಸನ್ನೇ ಹೆಚ್ಚು ಹಿಡಿಯುತ್ತೇವೆ. ಅವನ ರಜೆಯ ದಿನ ಕಲಾಸೌಧದಲ್ಲೋ ಜೆ.ಪಿ. ನಗರದ ರಂಗಶಂಕರದಲ್ಲೋ ನಾಟಕ, ಕಾರ್ತಿಕದ ಕೊನೆಯ ಸೋಮವಾರ ಬಸವನಗುಡಿಯ ಕಡಲೆಕಾಯಿ ಪರಿಷೆ, ಜನವರಿಯಲ್ಲಿ ಕುಮಾರಕೃಪಾ ರಸ್ತೆಯ ಚಿತ್ರಸಂತೆ.

ಅವನು ನನ್ನ ಕತೆಗಳನ್ನು ಓದುವುದು ಅಚ್ಚಾದ ಮೇಲೆ. ಮೊದಲ ಓದುಗನಾಗು ಅಂತ ನಾನು ಕೇಳಿಲ್ಲ, ಹನ್ನೆರಡು ಗಂಟೆ ನಿಂತು ಬಂದವನಿಗೆ ಅದು ಇನ್ನೊಂದು ಡ್ಯೂಟಿ. ಓದಿದಾಗ ಕೇಳುವುದು ಒಂದೇ ಥರದ ಪ್ರಶ್ನೆ: “ಆ ಮುದುಕಿ ಕೊನೀಗೆ ಏನಾದ್ಲು?” ಯಾವ ಪಾತ್ರವನ್ನು ನಾನು ಅರ್ಧದಲ್ಲಿ ಕೈಬಿಟ್ಟಿದ್ದೇನೆ ಅಂತ ಆ ಪ್ರಶ್ನೆಯಿಂದ ನನಗೆ ಗೊತ್ತಾಗುತ್ತದೆ. ಹಸ್ತಪ್ರತಿ ಓದಲು ಬೇರೆ ಇಬ್ಬರು ಗೆಳತಿಯರಿದ್ದಾರೆ. ಅವರದನ್ನು ನಾನು ಓದುತ್ತೇನೆ, ನನ್ನದನ್ನು ಅವರು.

ಜೊತೆಗಿರುವವರ ಬದುಕನ್ನು ನಿಮ್ಮ ಕತೆಗೆ ತೆಗೆದುಕೊಳ್ಳುವ ಮೊದಲು ಅವರನ್ನು ಕೇಳಿ. ಒಂದು ಬೆಳಿಗ್ಗೆ ಅವನು ರಾತ್ರಿ ಲ್ಯಾಬಿನ ಕಿಟಕಿಗೆ ಬಂದು ಹೋದ ಒಬ್ಬ ತಂದೆಯ ವಿಷಯ ಹೇಳಿದ. ನನಗೆ ಅಲ್ಲೇ ಕತೆ ಕಾಣಿಸಿತು. ಬರೆಯಲಾ ಅಂತ ಕೇಳಿದೆ. ಸ್ವಲ್ಪ ಹೊತ್ತು ರೊಟ್ಟಿ ಮುರಿಯುತ್ತಾ ಕೂತು, “ಬ್ಯಾಡ. ಆ ಮನಷ್ಯಾ ಓದಿದ್ರ ತನ್ನದ ಅಂತ ಗೊತ್ತಾಗ್ತೈತಿ” ಅಂದ. ಬರೆಯಲಿಲ್ಲ. ಇಲ್ಲೂ ಅದರ ಹೆಚ್ಚಿನ ವಿವರ ಬರೆಯುವುದಿಲ್ಲ. ಹೇಳಿದ್ದೆಲ್ಲ ಪುಟಕ್ಕೆ ಹೋಗುತ್ತದೆ ಅಂತಾದರೆ ನಿಮ್ಮ ಜೊತೆಗಿರುವವರು ಹೇಳುವುದನ್ನೇ ನಿಲ್ಲಿಸುತ್ತಾರೆ.

ಮದುವೆಗೆ ನಮ್ಮಿಬ್ಬರ ಮನೆಯಲ್ಲೂ ಜಾತಿಯ ತಕರಾರಿತ್ತು. ಅಮ್ಮ ಕೊನೆಗೆ ಕೇಳಿದ್ದು ಮಾತ್ರ “ಇಬ್ಬರಲ್ಲಿ ಒಬ್ಬರಿಗಾದ್ರೂ ತಿಂಗಳ ಸಂಬಳ ಇದ್ಯಾನೇ?” ಅಂತ. ಆ ಪ್ರಶ್ನೆಗೆ ನಾನು ಅಂಟಿಸಿದ ಹಾಳೆಯ ಫೋಟೊ ತೋರಿಸಿ ಎಲ್ಲ ಲೆಕ್ಕವನ್ನೂ ಹೇಳಿದೆ. ಸುಳ್ಳು ಧೈರ್ಯಕ್ಕಿಂತ ಲೆಕ್ಕಕ್ಕೆ ತಾಯಂದಿರು ಬೆಲೆ ಕೊಡುತ್ತಾರೆ. ಕಾನೂನಿನ ದಾರಿ ತಿಳಿದಿರಲಿ. ಧರ್ಮ ಬೇರೆ ಬೇರೆಯಾಗಿದ್ದರೆ 1954ರ ವಿಶೇಷ ವಿವಾಹ ಕಾಯ್ದೆ. ಇಬ್ಬರಲ್ಲಿ ಒಬ್ಬರು ಆ ಜಿಲ್ಲೆಯಲ್ಲಿ ಕನಿಷ್ಠ 30 ದಿನ ವಾಸವಿರಬೇಕು, ನೋಟಿಸ್ ಕೊಟ್ಟು 30 ದಿನ ಕಾಯಬೇಕು, ಮೂವರು ಸಾಕ್ಷಿಗಳು ಬೇಕು. ಆ ನೋಟಿಸನ್ನು ಕಚೇರಿಯಲ್ಲಿ ಹಾಕುತ್ತಾರೆ, ಮನೆಯವರಿಗೆ ಗೊತ್ತಾಗಬಹುದು ಅನ್ನುವುದನ್ನು ಲೆಕ್ಕಕ್ಕೆ ಹಿಡಿದು ಹೊರಡಿ. ಇಬ್ಬರೂ ಹಿಂದೂಗಳಾಗಿ ಜಾತಿ ಮಾತ್ರ ಬೇರೆಯಾಗಿದ್ದರೆ ಹಿಂದೂ ವಿವಾಹ ಕಾಯ್ದೆಯಲ್ಲಿ ಈ 30 ದಿನದ ನೋಟಿಸ್ ಇಲ್ಲ. ನಾವು ಮಂತ್ರ ಮಾಂಗಲ್ಯದ ರೀತಿಯಲ್ಲಿ ಮದುವೆಯಾಗಿ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಾಯಿಸಿದೆವು. ಊಟ ಆಂಟಿಯ ಮನೆಯಲ್ಲಾಯಿತು.

ಕೆಲಸ ನಿಂತಾಗ

ಧಾರಾವಾಹಿ ನಿಲ್ಲುತ್ತದೆ. ಕೆಲವೊಮ್ಮೆ ವಾರದ ಮುಂಚೆ ಹೇಳುತ್ತಾರೆ, ಕೆಲವೊಮ್ಮೆ ಅದೂ ಇಲ್ಲ. ಅಂಥ ತಿಂಗಳಿಗೆ ಅಂತ ಮೊದಲೇ ಎರಡು ದಾರಿ ಇಟ್ಟುಕೊಂಡಿರಿ. ಚಾಮರಾಜಪೇಟೆ, ಗಾಂಧಿನಗರದ ಪ್ರಕಾಶಕರ ಹತ್ತಿರ ಅಕ್ಟೋಬರ್‌ನಿಂದ ವರ್ಷದ ಕೊನೆಯವರೆಗೆ ಪ್ರೂಫ್ ಕೆಲಸ ಒಟ್ಟಿಗೆ ಬರುತ್ತದೆ. ರಾಜ್ಯೋತ್ಸವಕ್ಕೆ ಪುಸ್ತಕ ತರಬೇಕು, ಗ್ರಂಥಾಲಯ ಇಲಾಖೆಯ ಸಗಟು ಖರೀದಿಗೆ ಆ ವರ್ಷದ್ದಾಗಿಯೇ ಹೊರಬರಬೇಕು ಅನ್ನುವ ಅವಸರ ಅವರಿಗಿರುತ್ತದೆ. ಪುಟಕ್ಕಿಷ್ಟು ಅಂತ ಕೊಡುತ್ತಾರೆ. ದೊಡ್ಡ ದುಡ್ಡಲ್ಲ, ಆದರೆ ಕೈಗೆ ಕೊಡುತ್ತಾರೆ. ಆ ಪರಿಚಯವನ್ನು ಕೆಲಸ ಇರುವಾಗಲೇ ಮಾಡಿಕೊಂಡಿರಬೇಕು. ಎರಡನೆಯದು ಬಾಕಿ ವಸೂಲಿ. ಬಿಡುವಿರುವ ತಿಂಗಳಲ್ಲೇ ಅದಕ್ಕೆ ಕೂರಲು ಸಾಧ್ಯ. ಸೋಮವಾರ ಹನ್ನೊಂದರ ಸುಮಾರಿಗೆ, ಅಕೌಂಟ್ಸ್‌ನವರು ಸೀಟಿನಲ್ಲಿರುವ ಹೊತ್ತಿಗೆ, ಬಿಲ್ಲನ್ನು ಮತ್ತೆ ಲಗತ್ತಿಸಿ ಹೀಗೆ ಕಳಿಸಿ: “ನಮಸ್ಕಾರ ಸರ್. ಮಾರ್ಚ್ ತಿಂಗಳಲ್ಲಿ ಒಪ್ಪಿಸಿದ ಕೆಲಸದ ಬಿಲ್ ಇದರ ಜೊತೆ ಇದೆ. ಯಾವ ದಿನ ಖಾತೆಗೆ ಬರುತ್ತದೆ ತಿಳಿಸಿ. ಗುರುವಾರ ನಾನೇ ಫೋನ್ ಮಾಡುತ್ತೇನೆ.” ಗುರುವಾರ ಫೋನ್ ಮಾಡಿ. ನಾಳೆ ಅಂದರೆ ನಾಳೆಯೂ ಮಾಡಿ. ಮಧ್ಯಾಹ್ನದ ಊಟಕ್ಕೆ ಇಂದಿರಾ ಕ್ಯಾಂಟೀನಿನ 10 ರೂಪಾಯಿ ಸಾಕು, ಅಲ್ಲಿ ಸಾಲಿನಲ್ಲಿ ನಿಲ್ಲುವುದಕ್ಕೆ ಯಾವ ಬರಹಗಾರರೂ ಸಂಕೋಚಪಡಬೇಕಾಗಿಲ್ಲ. ಬೆಳಗಿನ ಮೂರು ಗಂಟೆ ಮಾತ್ರ ಆ ತಿಂಗಳೂ ಹಾಗೇ ಇರಲಿ. ನನ್ನ ಕಾದಂಬರಿಯ ಹೆಚ್ಚಿನ ಅಧ್ಯಾಯಗಳು ಮುಂದೆ ಹೋಗಿರುವುದು ಕೆಲಸ ನಿಂತ ತಿಂಗಳುಗಳಲ್ಲೇ.